ಈಜಿಪ್ಟಿನ ಕಲಾವಿದ ವಾಯೆಲ್ ಶೌಕಿಯ ಸಿನಿಮಾ ನೋಡುವ ಮೊದಲು ಏನೇನು ಓದಿಕೊಳ್ಳಬೇಕು?

ಏನೂ ಓದಬೇಡಿ. ಅರೇಬಿಕ್ ಬರಲ್ಲ, ಈಜಿಪ್ಟಿನ ಇತಿಹಾಸ ಗೊತ್ತಿಲ್ಲ ಅಂತ ಹೆದರಿದ್ದೀರಲ್ಲ, 2024ರಲ್ಲಿ ನಾನೂ ಹೀಗೇ ಹೆದರಿ ಕೆಟ್ಟೆ.

ಆ ವರ್ಷ ವೆನಿಸ್‌ನ ಕಲಾಮೇಳ ಬಿಯೆನಾಲೆಯಲ್ಲಿ, ಈಜಿಪ್ಟ್ ದೇಶದ ಪೆವಿಲಿಯನ್‌ನಲ್ಲಿ, ಉರಾಬಿ ದಂಗೆಯ ಬಗ್ಗೆ ಅವರು ಮಾಡಿದ 'ಡ್ರಾಮಾ 1882' ಸಿನಿಮಾ ಇತ್ತು. ನಾನು ಆಗ ಮ್ಯೂನಿಕ್‌ನಲ್ಲಿ ಕೆಲಸದಲ್ಲಿದ್ದೆ. ಒಂದು ದಿನ ರಜೆ ಹಾಕಿ ಗೆಳೆಯನ ಜೊತೆ ರಾತ್ರಿ ಬಸ್ ಹತ್ತಿದೆ. ಅವನು ಗೊರಕೆ ಹೊಡೆದ. ನಾನು ಮೊಬೈಲಿನಲ್ಲಿ ನೋಟ್ಸ್ ಮಾಡಿಕೊಂಡೆ: ದಂಗೆ ಎದ್ದ ಸೇನಾಧಿಕಾರಿ ಅಹ್ಮದ್ ಉರಾಬಿ ಯಾರು, ಆಗ ಈಜಿಪ್ಟ್ ಆಳುತ್ತಿದ್ದ ಖದೀವ್ ತೌಫೀಕ್ ಯಾರು, 1882ರ ಜೂನ್‌ನಲ್ಲಿ ಅಲೆಕ್ಸಾಂಡ್ರಿಯಾದ ಗಲಭೆ, ಜುಲೈ 11ಕ್ಕೆ ಬ್ರಿಟಿಷ್ ಹಡಗುಗಳ ಫಿರಂಗಿ ದಾಳಿ, ಸೆಪ್ಟೆಂಬರ್ 13ಕ್ಕೆ ಟೆಲ್ ಎಲ್ ಕೆಬೀರ್‌ನಲ್ಲಿ ಉರಾಬಿಗೆ ಸೋಲು. (ಆ ಕದನದಲ್ಲಿ ಬ್ರಿಟಿಷರ ಕಡೆ ನಮ್ಮ ಬೆಂಗಳೂರಿನ ಸೇನಾ ಎಂಜಿನಿಯರ್ ಪಡೆ ಮದ್ರಾಸ್ ಸ್ಯಾಪರ್ಸ್ ಕೂಡ ಇದ್ದರಂತೆ. ಹೆಮ್ಮೆ ಪಡಬೇಕೋ ಬೇಡವೋ ತಿಳಿಯಲಿಲ್ಲ.)

ನಾನು ಎಡವಿದ್ದು ಇಲ್ಲೇ. 45 ನಿಮಿಷದ ಸಿನಿಮಾ, ಮಾತೆಲ್ಲ ಹಾಡಿನಲ್ಲಿ, ಅದೂ ಹಳೇ ಗ್ರಾಂಥಿಕ ಅರೇಬಿಕ್‌ನಲ್ಲಿ. ಕತ್ತಲಲ್ಲಿ ಕೂತು ನಾನು ಸಬ್‌ಟೈಟಲ್ ಓದೋದು, ಮೊಬೈಲಿನ ಬೆಳಕನ್ನು ಅಂಗೈಯಲ್ಲಿ ಮುಚ್ಚಿಕೊಂಡು ನೋಟ್ಸ್‌ನಲ್ಲಿ ಹೆಸರು ಹುಡುಕೋದು, ಸಿಕ್ಕಾಗ ಏನೋ ಗೆದ್ದ ಹಾಗೆ ತಲೆ ಆಡಿಸೋದು, ತಲೆ ಎತ್ತುವಷ್ಟರಲ್ಲಿ ದೃಶ್ಯವೇ ಬದಲಾಗಿರೋದು. ಪೂರ್ತಿ ಹೀಗೇ. ಓದಿದ್ದು ತಪ್ಪಲ್ಲ, ಓದಿದ್ದನ್ನು ತಾಳೆ ನೋಡೋಕೆ ಕೂತೆನಲ್ಲ, ಅದು ತಪ್ಪು. ಉರಾಬಿ ಬಂದನಾ, ಬಂದ. ಖದೀವ್ ಬಂದನಾ, ಬಂದ. ಹಾಜರಿ ತಗೊಳ್ಳೋ ಮೇಷ್ಟ್ರ ಥರ!

ಹೊರಗೆ ಬಂದ ಮೇಲೆ ಗೆಳೆಯ ಕೇಳಿದ: "ಅವರೆಲ್ಲ ಯಾಕೋ ಹಾಗೆ ನಿಂತಲ್ಲೇ ನಿಧಾನಕ್ಕೆ ತೂಗಾಡ್ತಿದ್ರು, ದಾರ ಕಟ್ಟಿದ ಗೊಂಬೆಗಳ ಹಾಗೆ?"

"ಯಾರು?" ಅಂದೆ ನಾನು.

ಮತ್ತೆ ನೋಡೋಣ ಅಂದರೆ ಸಾಲು ಉದ್ದ ಇತ್ತು, ವಾಪಸ್ ಬಸ್ಸಿಗೆ ಹೊತ್ತಾಗಿತ್ತು.

ಆಮೇಲೆ ತಿಳಿಯಿತು, ಅವನು ಗೊಂಬೆ ಅಂದಿದ್ದು ಸುಮ್ನೆ ಅಲ್ಲ. ಶೌಕಿ 2010ರಿಂದ 2015ರವರೆಗೆ ಮಾಡಿದ 'ಕ್ಯಾಬರೆ ಕ್ರುಸೇಡ್ಸ್' ಮೂರು ಭಾಗವೂ ಸೂತ್ರದ ಗೊಂಬೆಯಾಟವೇ, ಮಧ್ಯಯುಗದಲ್ಲಿ ಯುರೋಪಿನ ಕ್ರೈಸ್ತರು ನಡೆಸಿದ ಕ್ರುಸೇಡ್ ಯುದ್ಧಗಳನ್ನು ಅರಬರ ಕಡೆಯಿಂದ ಹೇಳಿದ್ದು. ಮೊದಲನೆಯದಕ್ಕೆ ಟ್ಯೂರಿನ್‌ನ ಹಳೇ ಗೊಂಬೆಗಳು, ಎರಡನೆಯದಕ್ಕೆ ಸೆರಾಮಿಕ್, ಮೂರನೆಯದಕ್ಕೆ ವೆನಿಸ್ ಬಳಿಯ ಮುರಾನೊ ದ್ವೀಪದ ಗಾಜು. ದಾರ ಮುಚ್ಚಿಡೋ ಗೋಜಿಗೇ ಹೋಗಿಲ್ಲ. ಅವರ ಇನ್ನೊಂದು ಸಿನಿಮಾ ಸರಣಿ 'ಅಲ್ ಅರಾಬಾ ಅಲ್ ಮದ್‌ಫೂನಾ'ದಲ್ಲಿ ಚಿಕ್ಕ ಮಕ್ಕಳಿಗೆ ಮೀಸೆ ಅಂಟಿಸಿ, ರುಮಾಲು ಸುತ್ತಿ, ದೊಡ್ಡವರ ದನಿ ಕೊಟ್ಟಿದ್ದಾರೆ. ಇದಕ್ಕೆಲ್ಲ ಯಾವ ಇತಿಹಾಸ ಓದಿಕೊಂಡು ಹೋಗ್ತೀರಾ ಹೇಳಿ?

ಯಾವುದರಿಂದ ಶುರು ಮಾಡಲಿ ಅಂತಲೂ ಕೇಳಿದ್ದೀರಿ. ಹತ್ತಿರದ ಮ್ಯೂಸಿಯಂಗೆ ಯಾವುದು ಬರುತ್ತೋ ಅದರಿಂದ. ಮೊಬೈಲ್ ಬ್ಯಾಗಿನಲ್ಲಿರಲಿ, ಸಬ್‌ಟೈಟಲ್ ಅರ್ಧ ತಪ್ಪಿದರೂ ಪರವಾಗಿಲ್ಲ.

ವಾಪಸ್ ಬರುವಾಗ ಗೆಳೆಯ ನನ್ನ ನೋಟ್ಸ್ ಇಸಕೊಂಡು ಓದಿದ. ಸಿನಿಮಾ ಹೇಗಿತ್ತು ಅಂತ ನಾನು ಅವನ ಬಾಯಿಂದ ಕೇಳಿಸಿಕೊಂಡೆ.