ಭಯ ತೆಗೆದುಬಿಡಿ ಅಂದ ನಟಿ

ಸಿನಿಮಾದಲ್ಲಿ ಫೈಟ್ ಮಾಡುವವರು ಮನಸ್ಸಿನ ಚಿಕಿತ್ಸೆಗೆ ನನ್ನ ಹತ್ತಿರ ಆಗಾಗ ಬರುತ್ತಾರೆ. ಕೇಳುವುದೆಲ್ಲ ಒಂದೇ, ಭಯ ಹೋಗಬೇಕು. ಅದಕ್ಕೇ ಈ ಪ್ರಕರಣ ಬರೆಯುತ್ತಿದ್ದೇನೆ. ಆ ನಟಿಯ ಒಪ್ಪಿಗೆ ಇದೆ, ಗುರುತು ಸಿಗದ ಹಾಗೆ ವಿವರ ಬದಲಿಸಿದ್ದೇನೆ.

ಆ್ಯಕ್ಷನ್ ಪಾತ್ರಗಳಿಂದಲೇ ಹೆಸರು ಮಾಡಿದ ನಟಿ. ಹಗ್ಗ ಕಟ್ಟಿ ಎಳೆಯುವ ಒಂದು ರೋಪ್ ಶಾಟ್‌ನಲ್ಲಿ ಗೋಡೆಗೆ ಬಡಿದು ಭುಜಕ್ಕೆ ಪೆಟ್ಟಾಗಿತ್ತು. ಆಮೇಲೆ ನಿದ್ದೆ ಸರಿಯಿಲ್ಲ. ಹಗ್ಗ ಸಿಕ್ಕಿಸುವ ಪಟ್ಟಿ, ಅಂದರೆ ಹಾರ್ನೆಸ್, ಕಟ್ಟಿಕೊಂಡರೆ ಕೈ ನಡುಗುತ್ತದೆ. "ಮುಂದಿನ ವಾರ ಮತ್ತೆ ರೋಪ್ ಇದೆ ಮೇಡಂ, ಅಷ್ಟರೊಳಗೆ ಈ ಭಯ ತೆಗೆದುಬಿಡಿ" ಅಂದರು.

ಆ ಶಾಟ್ ಬಗ್ಗೆ ವಿವರವಾಗಿ ಕೇಳಿದೆ. ಕ್ಯಾಮೆರಾ ಎಲ್ಲಿತ್ತು, ಎಷ್ಟನೇ ಟೇಕ್, ಎಲ್ಲ ಹೇಳಿದರು.

"ಹಗ್ಗ ಎಳೆಯುತ್ತಿದ್ದವರು ಯಾರು?"

ತಡವರಿಸಿದರು. "ಹಿಂದೆ ನಾಲ್ಕೈದು ಜನ ಇದ್ರು. ಹೆಸರು ಗೊತ್ತಿಲ್ಲ."

"ರಿಹರ್ಸಲ್?"

"ಬೆಳಕು ಹೋಗ್ತಿತ್ತು, ನೇರ ಟೇಕ್‌ಗೆ ಹೋದ್ವಿ."

"ಡ್ಯೂಪ್ ಕೇಳಬಹುದಿತ್ತಲ್ವಾ?"

"ಡ್ಯೂಪ್ ಇಲ್ಲದೆ ಮಾಡ್ತಿದ್ದಾರೆ ಅಂತ ಪ್ರಚಾರ ಆಗಲೇ ಶುರುವಾಗಿತ್ತು ಮೇಡಂ."

ಸ್ವಲ್ಪ ಹೊತ್ತಾದ ಮೇಲೆ ತಾವೇ ಕೇಳಿದರು, "ಹಾಗಾದ್ರೆ ನನಗೆ ಭಯ ಆಗೋದು ಸರೀನೇ ಅಲ್ವಾ?"

ಸರಿ ಅಂದೆ. ನಿದ್ದೆಗೆ, ನಡುಕಕ್ಕೆ ಚಿಕಿತ್ಸೆ ಶುರು ಮಾಡಿದೆವು. ಆದರೆ ವಾರದೊಳಗೆ ಭಯ ಅಡಗಿಸಿ ಸೆಟ್‌ಗೆ ಕಳಿಸಲು ನಾನು ಒಪ್ಪಲಿಲ್ಲ. ಇದು ಅವರ ಅನ್ನಕ್ಕೆ ಕಲ್ಲು ಹಾಕಿದಂತೆ ಅನ್ನುವವರಿದ್ದಾರೆ. ಅವರು 2016ರ ನವೆಂಬರ್ ನೆನಪಿಸಿಕೊಳ್ಳಲಿ. ತಿಪ್ಪಗೊಂಡನಹಳ್ಳಿ ಜಲಾಶಯದಲ್ಲಿ ಶೂಟಿಂಗ್‌ಗಾಗಿ ಹೆಲಿಕಾಪ್ಟರ್‌ನಿಂದ ಧುಮುಕಿದ ಇಬ್ಬರು ನಟರು ಮುಳುಗಿ ಸತ್ತರು. ಮೈಮೇಲೆ ಲೈಫ್ ಜಾಕೆಟ್ ಇರಲಿಲ್ಲ. ಈಜು ಅಷ್ಟಾಗಿ ಬರುವುದಿಲ್ಲ ಅಂತ ಮೊದಲೇ ಟಿವಿಯವರ ಮುಂದೆ ಹೇಳಿಕೊಂಡಿದ್ದರು. ಆದರೂ ಶಾಟ್ ನಿಲ್ಲಲಿಲ್ಲ. ಅವರ ಭಯಕ್ಕೆ ಬೇಕಿದ್ದದ್ದು ಧೈರ್ಯ ಹೇಳುವವರಲ್ಲ, ಜಾಕೆಟ್.

ಇಡೀ ಯೂನಿಟ್ ಕಾಯುತ್ತಿರುವಾಗ ಬೇಡ ಅನ್ನುವುದು ಯಾರಿಗಾದರೂ ಕಷ್ಟ. ಹಾಗಾಗಿ ನಾನು ಹೇಳಿದ್ದು ಇಷ್ಟು. ಇವತ್ತೇ ಫೈಟ್ ಮಾಸ್ಟರ್‌ಗೆ ಫೋನ್ ಮಾಡಿ. ನಿಮ್ಮನ್ನು ಎಳೆಯುವ ಮೊದಲು ಅಷ್ಟೇ ತೂಕದ ಮರಳು ಮೂಟೆ ಎಳೆದು ತೋರಿಸಲಿ. ಹಗ್ಗ ಹಿಡಿಯುವವರನ್ನು ಹೆಸರು ಹಿಡಿದು ಮಾತಾಡಿಸಿ. ನೀವು ಕೈ ಎತ್ತಿದರೆ ನಿಲ್ಲಿಸಬೇಕು ಅಂತ ಅವರಿಗೇ ಹೇಳಿ. ಮುಖ ಕಾಣದ ಶಾಟ್‌ಗೆ ಡ್ಯೂಪ್ ಇರಲಿ, ಮುಂದಿನ ಒಪ್ಪಂದದಲ್ಲಿ ಅದನ್ನು ಬರೆಸಿ.

"ಚಾನ್ಸ್ ಹೋದ್ರೆ?"

ಹೋಗಬಹುದು ಅಂದೆ. ಸುಳ್ಳು ಭರವಸೆ ಕೊಡಲು ನನಗೆ ಮನಸ್ಸಾಗಲಿಲ್ಲ.

ಫೈಟ್ ಮಾಸ್ಟರ್ ಬೇಜಾರು ಮಾಡಿಕೊಳ್ಳಲಿಲ್ಲವಂತೆ, ಮೂಟೆ ಎಳೆದು ತೋರಿಸಿದರಂತೆ. ನಿರ್ಮಾಪಕರ ಕಡೆಯವರು ಮಾತ್ರ ಅರ್ಧ ದಿನ ಹಾಳಾಯಿತು ಅಂತ ಗೊಣಗಿದರಂತೆ. ನಿದ್ದೆಯ ತೊಂದರೆ ಪೂರ್ತಿ ಹೋಗಿಲ್ಲ, ಇನ್ನೂ ಬರುತ್ತಿದ್ದಾರೆ.