ಕಾಸರಗೋಡಿನಲ್ಲಿ ಅಪ್ಪೀಲು ತಿರಸ್ಕಾರವಾದರೆ ಕಾರಣ ಕೇಳುವ ಬಗೆ

ಕಾಸರಗೋಡಿನಲ್ಲಿ ಕನ್ನಡದಲ್ಲಿ ಮಾಹಿತಿ ಹಕ್ಕು ಅರ್ಜಿ ಹಾಕಿದರೆ ಏನಾಗುತ್ತದೆ ಎಂದು ಕೇಳಿದ್ದೀರಿ. ಅರ್ಜಿ ಹಾಕುವುದು ಸುಲಭ. ಹತ್ತು ರೂಪಾಯಿಯ ಕೋರ್ಟ್ ಫೀ ಸ್ಟಾಂಪ್ ಅಂಟಿಸಿ ವಿಲ್ಲೇಜ್ ಆಫೀಸಿಗೋ ತಾಲೂಕು ಕಚೇರಿಗೋ ಕೊಟ್ಟರಾಯಿತು. ಕಷ್ಟ ಶುರುವಾಗುವುದು ಮೊದಲನೇ ಅಪ್ಪೀಲಿನಲ್ಲಿ, ಅಂದರೆ ಉತ್ತರ ಸರಿಯಿಲ್ಲವೆಂದು ಅದೇ ಇಲಾಖೆಯ ಮೇಲಧಿಕಾರಿಗೆ ಮನವಿ ಕೊಟ್ಟಾಗ. ಬರುವ ಕಾಗದದಲ್ಲಿ ಕೆಲವೊಮ್ಮೆ ಮಲಯಾಳದ ಒಂದೇ ಸಾಲಿರುತ್ತದೆ: ‘ಅಪ್ಪೀಲ್ ನಿರಸಿಚ್ಚಿರಿಕ್ಕುನ್ನು’. ತಿರಸ್ಕರಿಸಿದ್ದಾರೆ, ಅಷ್ಟೇ. ಯಾಕೆ ಎಂದು ಇರುವುದಿಲ್ಲ.

ಭಾಷೆಯ ತಕರಾರು ಬೇರೆ, ಕಾರಣದ ತಕರಾರು ಬೇರೆ, ಎರಡನ್ನೂ ಕಲಸಬೇಡಿ. ಭಾಷೆಗೆ 1969ರ ಕೇರಳ ಅಧಿಕೃತ ಭಾಷಾ ಕಾಯ್ದೆ ಇದೆ: ಭಾಷಾ ಅಲ್ಪಸಂಖ್ಯಾತ ಪ್ರದೇಶದ ಸರ್ಕಾರಿ ಕಚೇರಿಗಳಿಗೆ ಕನ್ನಡದಲ್ಲಿ ಬರೆಯಬಹುದು, ಉತ್ತರವೂ ಕನ್ನಡದಲ್ಲೇ ಬರಬೇಕು. ಆದರೆ ಆ ಒಂದು ಸಾಲನ್ನು ಕನ್ನಡಕ್ಕೆ ತಿರುಗಿಸಿ ಕೊಟ್ಟರೂ ನಿಮ್ಮ ಕೈಗೆ ಕಾರಣ ಸಿಗುವುದಿಲ್ಲ.

ಕಾರಣ ಕೇಳಲು ಆಧಾರ ಗಟ್ಟಿ ಇದೆ. ಮಾಹಿತಿ ಹಕ್ಕು ಕಾಯ್ದೆಯ 4(1)(ಡಿ) ಪ್ರಕಾರ ತೀರ್ಮಾನದಿಂದ ಬಾಧಿತರಾದವರಿಗೆ ಕಾರಣ ತಿಳಿಸಲೇಬೇಕು. ಅರೆನ್ಯಾಯಿಕ ಅಧಿಕಾರಿಗಳೂ (ಕೋರ್ಟ್ ಅಲ್ಲದಿದ್ದರೂ ಕೋರ್ಟಿನಂತೆ ತೀರ್ಮಾನ ಕೊಡುವವರು) ಕಾರಣ ಬರೆಯಬೇಕು, ರಬ್ಬರ್ ಸ್ಟಾಂಪಿನಂಥ ಕಾರಣ ಸಾಲದು ಎಂದು ಸುಪ್ರೀಂ ಕೋರ್ಟ್ 2010ರಲ್ಲಿ ಕ್ರಾಂತಿ ಅಸೋಸಿಯೇಟ್ಸ್ ಪ್ರಕರಣದಲ್ಲಿ ಹೇಳಿದೆ. ‘ಮಾಹಿತಿ ಅಧಿಕಾರಿಯ (ಅರ್ಜಿಗೆ ಮೊದಲು ಉತ್ತರ ಕೊಟ್ಟವರ) ಉತ್ತರ ಸರಿಯಾಗಿದೆ’ ಎಂದು ಬರೆದು ಸಹಿ ಹಾಕುವುದೂ ಇದೇ ಜಾತಿಯದು. ಅಪ್ಪೀಲಿನಲ್ಲಿ ನೀವು ಎತ್ತಿದ ಆಕ್ಷೇಪವನ್ನು ಅಪ್ಪೀಲು ಅಧಿಕಾರಿ ಓದಿದ್ದಾರೆಂಬ ಗುರುತೇ ಅದರಲ್ಲಿಲ್ಲ.

ಹಾಗಾಗಿ ಅಪ್ಪೀಲು ಬರೆಯುವಾಗಲೇ ತಪ್ಪಿಸಿಕೊಳ್ಳಲು ಜಾಗ ಬಿಡಬೇಡಿ. ಒಂದು ಜಾಗದ ತಂಡಪ್ಪೇರ್ ರಿಜಿಸ್ಟರಿನ (ಜಾಗ ಯಾರ ಹೆಸರಿನಲ್ಲಿದೆ ಎಂದು ವಿಲ್ಲೇಜ್ ಆಫೀಸಿನಲ್ಲಿ ಇಡುವ ದಾಖಲೆ) ನಕಲು ಕೇಳಿದ್ದೀರಿ, ‘ತನಿಖೆ ನಡೆಯುತ್ತಿದೆ, 8(1)(ಎಚ್)’ ಎಂದು ಉತ್ತರ ಬಂತು ಎಂದಿಟ್ಟುಕೊಳ್ಳಿ. ತನಿಖೆಗೆ ಅಡ್ಡಿಯಾಗುವ ಮಾಹಿತಿಯನ್ನು ಕೊಡದಿರಲು ಬಿಡುವ ಕಲಮು ಅದು. ಕೇಳಿದ್ದೇನು, ಅವರು ತೋರಿಸಿದ ಕಲಮು ಯಾವುದು, ಅದು ಯಾಕೆ ಹೊಂದುವುದಿಲ್ಲ ಎಂದು ನಂಬರು ಹಾಕಿ ಬರೆಯಿರಿ. ತನಿಖೆ ಇದೆ ಎಂದರೆ ಸಾಲದು, ನಕಲು ಕೊಟ್ಟರೆ ಅದಕ್ಕೆ ಹೇಗೆ ಅಡ್ಡಿಯಾಗುತ್ತದೆ ಎಂದು ತೋರಿಸಬೇಕು. 2007ರಲ್ಲಿ ಭಗತ್ ಸಿಂಗ್ ಪ್ರಕರಣದಲ್ಲಿ ದೆಹಲಿ ಹೈಕೋರ್ಟ್ ಹೇಳಿದ್ದು ಇದನ್ನೇ. ನಿರಾಕರಣೆ ಸರಿ ಎಂದು ರುಜುವಾತು ಮಾಡುವ ಹೊಣೆ 19(5)ರಂತೆ ಮಾಹಿತಿ ಅಧಿಕಾರಿಯದ್ದು. ಕೊನೆಗೆ ‘ಪ್ರತಿ ನಂಬರಿಗೂ ಪ್ರತ್ಯೇಕ ಕಾರಣ ದಾಖಲಿಸಬೇಕು’ ಎಂಬ ಕೋರಿಕೆ ಸೇರಿಸಿ.

ಗಡಿಯವರಿಗೆ ಇದು ಹೆಚ್ಚು ಮುಖ್ಯ. ಎರಡನೇ ಅಪ್ಪೀಲು ಹೋಗುವುದು ತಿರುವನಂತಪುರದ ಮಾಹಿತಿ ಆಯೋಗಕ್ಕೆ, ಕೇರಳದ ಇನ್ನೊಂದು ತುದಿಗೆ. ಕೆಳಗಿನ ಆದೇಶದಲ್ಲಿ ಕಾರಣವೇ ಇಲ್ಲದಿದ್ದರೆ ಅಲ್ಲಿ ನೀವು ಖಂಡಿಸುವುದು ಯಾವುದನ್ನು? ‘ಕಾರಣರಹಿತ ಆದೇಶ’ ಎಂಬುದನ್ನೇ ಮೊದಲ ಆಕ್ಷೇಪವಾಗಿ ಬರೆಯಿರಿ.

ಮೊದಲನೇ ಅಪ್ಪೀಲನ್ನು 30 ದಿನದಲ್ಲಿ ತೀರ್ಮಾನಿಸಬೇಕು. 45 ದಿನದವರೆಗೆ ಎಳೆದರೆ ಅದಕ್ಕೂ ಲಿಖಿತ ಕಾರಣ ಬೇಕು. ಅಷ್ಟಾದರೂ ಆದೇಶ ಬಾರದಿದ್ದರೆ ಕಾಯುತ್ತ ಕೂರಬೇಡಿ, ಎರಡನೇ ಅಪ್ಪೀಲಿನ 90 ದಿನ ಓಡಲು ಶುರುವಾಗಿರುತ್ತದೆ. ಆದೇಶ ಬಂದರೆ ಕೈಸೇರಿದ ದಿನದಿಂದ ಲೆಕ್ಕ, ಅಂಚೆ ಮುದ್ರೆ ಇರುವ ಲಕೋಟೆಯನ್ನು ಎಸೆಯಬೇಡಿ.