ಓದುಗರ ಪ್ರಶ್ನೆ: ನಂಬಿಕೆಯ ಕುರಿತು ನಗುವುದು ಹೇಗೆ?

ಪ್ರಶ್ನೆ: ನಾನು ಕಲಬುರಗಿಯಲ್ಲಿ ವರದಿಗಾರನಾಗಿದ್ದೇನೆ. ಏಷ್ಯಾದ ಆಚಾರವಿಚಾರಗಳು ಮತ್ತು ಇಂದಿನ ಬದುಕಿನ ಬಗ್ಗೆ ವಾರಕ್ಕೊಂದು ಹಾಸ್ಯ ಅಂಕಣ ಬರೆಯುವಂತೆ ಸಂಪಾದಕರು ಸೂಚಿಸಿದ್ದಾರೆ. ಜನರ ನಂಬಿಕೆಯನ್ನು ಗೇಲಿ ಮಾಡಿದೆನೆಂಬ ಆಕ್ಷೇಪ ಬಾರದಂತೆ ಬರೆಯುವುದು ಹೇಗೆ?
– ಓದುಗರೊಬ್ಬರು, ಕಲಬುರಗಿ

ಉತ್ತರ: ಯಾರ ಆಕ್ಷೇಪವೂ ಬಾರದಂತೆ ಬರೆಯಲು ಹೊರಟರೆ ಕೊನೆಗೆ ಉಳಿಯುವುದು ಸರ್ಕಾರಿ ಪ್ರಕಟಣೆ ಮಾತ್ರ. ಆದರೂ ನಿಮ್ಮ ಅಳುಕಿಗೆ ಅರ್ಥವಿದೆ. ಹಳೆಯ ನಂಬಿಕೆಯೊಂದು ತನ್ನಷ್ಟಕ್ಕೆ ಇರುವಾಗ ಅದರಲ್ಲಿ ನಗುವಂಥದ್ದು ಹೆಚ್ಚೇನೂ ಇರುವುದಿಲ್ಲ. ಅದು ಲಿಫ್ಟು, ಹರಾಜು, ಗೃಹಸಾಲಗಳಂಥ ಹೊಸ ವ್ಯವಸ್ಥೆಯೊಳಗೆ ಬಂದು ಕುಳಿತು, ಅಲ್ಲಿನ ಲೆಕ್ಕವನ್ನೇ ತನಗೆ ಬೇಕಾದಂತೆ ತಿದ್ದಿದಾಗ ಹಾಸ್ಯ ಹುಟ್ಟುತ್ತದೆ. ಹಾಂಕಾಂಗ್‌ನ ಅನೇಕ ಕಟ್ಟಡಗಳಲ್ಲಿ 4, 14, 24ನೇ ಮಹಡಿಗಳು ಇರುವುದೇ ಇಲ್ಲ. 4 ಎಂದರೆ ಸಾವು, 8 ಎಂದರೆ ಸಿರಿ ಎಂಬ ಎಣಿಕೆ ಅಲ್ಲಿಯದು. ಕಾಂಡ್ಯುಟ್ ರಸ್ತೆಯ ಒಂದು ವಸತಿ ಕಟ್ಟಡಕ್ಕೆ ಐವತ್ತು ಮಹಡಿಯೂ ಇಲ್ಲ, ಆದರೆ ತುತ್ತತುದಿಯ ಮನೆ 88ನೇ ಮಹಡಿಯಲ್ಲಿದೆ. ಅದೇ ನಗರದಲ್ಲಿ 2008ರಲ್ಲಿ ‘18’ ಎಂಬ ಕಾರಿನ ನಂಬರು 1.65 ಕೋಟಿ ಹಾಂಕಾಂಗ್ ಡಾಲರಿಗೆ ಹರಾಜಾಯಿತು. ಇಂಥ ಸಂಗತಿಗೆ ಉತ್ಪ್ರೇಕ್ಷೆಯ ಒಗ್ಗರಣೆ ಬೇಡ. ಅಂಕಿಯನ್ನು ಗಂಭೀರವಾಗಿ ಬರೆದು ಮುಂದಿನ ಸಾಲಿಗೆ ಹೋಗಿಬಿಡಿ. ಅಜ್ಜಿಯ ಭಯವನ್ನು ಬಿಟ್ಟು, ಆ ಭಯಕ್ಕೆ ಚದರಡಿಯ ದರ ಕಟ್ಟಿದ ಬಿಲ್ಡರನನ್ನು ಹಿಡಿದುಕೊಂಡರೆ ಆಕ್ಷೇಪದ ಪತ್ರಗಳು ಅರ್ಧಕ್ಕರ್ಧ ಇಳಿಯುತ್ತವೆ.

ಇನ್ನೊಂದು ಎಚ್ಚರ ಬೇಕು. ಚೀನಿಯರನ್ನು ನೋಡಿ ಕಲಬುರಗಿಯವರು ನಗುವಂತೆ ಬರೆದರೆ ಅದು ಸೊಕ್ಕಾಗುತ್ತದೆ. ಕೆಎ 32 ಸರಣಿಯ ಫ್ಯಾನ್ಸಿ ನಂಬರಿಗೆ ಹಣ ಸುರಿಯುವವರು, ಆರು ಏರ್‌ಬ್ಯಾಗ್‌ಗಳ ಹೊಸ ಕಾರನ್ನು ಶೋರೂಮಿನಿಂದ ನೇರವಾಗಿ ಶರಣಬಸವೇಶ್ವರ ಗುಡಿಗೆ ತಂದು ಚಕ್ರದಡಿ ನಿಂಬೆಹಣ್ಣಿಡುವವರು ನಮ್ಮ ನಡುವೆಯೇ ಇದ್ದಾರೆ. ವಿಧಾನಸೌಧದಲ್ಲಿ ಮುಖ್ಯಮಂತ್ರಿಗಳ ಕಚೇರಿಯ ಒಂದು ಬಾಗಿಲು ವಾಸ್ತುದೋಷದ ಹೆಸರಿನಲ್ಲಿ ಮುಚ್ಚಿಯೇ ಇದ್ದು, 2023ರ ಜೂನ್‌ನಲ್ಲಿ ಸಿದ್ದರಾಮಯ್ಯನವರು ಅದನ್ನು ತೆರೆಸಬೇಕಾಯಿತು. ಬಾಗಿಲಿಗೂ ಜಾತಕ ನೋಡುವ ರಾಜ್ಯದಲ್ಲಿ ಕುಳಿತು ಬರೆಯುತ್ತಿದ್ದೇನೆಂಬುದು ಅಂಕಣಕಾರನಿಗೆ ನೆನಪಿರಬೇಕು.

ಪ್ರಶ್ನೆ: ನಮ್ಮ ಊರಿನ ಸುದ್ದಿಯೇ ಇಷ್ಟಿರುವಾಗ ಹಾಂಕಾಂಗ್, ಜಪಾನುಗಳ ಗೊಡವೆ ನಮಗೇಕೆ?
– ಓದುಗರೊಬ್ಬರು, ಬೀದರ್

ಉತ್ತರ: ನಮ್ಮದನ್ನು ನಾವು ದಿನವೂ ನೋಡುವುದರಿಂದ ಅದರ ವಿಚಿತ್ರ ಕಣ್ಣಿಗೆ ಬೀಳುವುದಿಲ್ಲ. ಕ್ರೈಸ್ತರು ನೂರಕ್ಕೆ ಸುಮಾರು ಒಬ್ಬರಷ್ಟೇ ಇರುವ ಜಪಾನಿನಲ್ಲಿ, 1974ರ ಒಂದು ಜಾಹೀರಾತಿನ ಪ್ರಭಾವದಿಂದ, ಕ್ರಿಸ್‌ಮಸ್ ಎಂದರೆ ಕೆಎಫ್‌ಸಿಯ ಕರಿದ ಕೋಳಿ ಎಂಬ ರೂಢಿ ಬೆಳೆದಿದೆ. ಜನ ವಾರಗಟ್ಟಲೆ ಮೊದಲೇ ಹೇಳಿಟ್ಟು ಕೊಳ್ಳುತ್ತಾರೆ. ಇದನ್ನು ಓದಿದ ಮೇಲೆ, ಮಗುವಿನ ಹುಟ್ಟುಹಬ್ಬಕ್ಕೆ ಮೊದಲು ಆರತಿಯೋ ಮೊದಲು ಕೇಕೋ ಎಂದು ಬೀದರಿನ ಮನೆಯೊಂದರಲ್ಲಿ ನಡೆಯುವ ವಾದವೂ, ದೀಪವನ್ನು ಹಚ್ಚಬೇಕೋ ಮೇಣದಬತ್ತಿಯನ್ನು ಆರಿಸಬೇಕೋ ಎಂಬ ಹಿರಿಯರ ಗೊಂದಲವೂ ಬರೆಯತಕ್ಕ ವಿಷಯಗಳಾಗಿ ಕಾಣುತ್ತವೆ.